ಸಚಿವರನ್ನು ಬೈಯುವ ಮುಂಚೆ ಆ ಫಲಕ ಓದಿ

ನಮಸ್ಕಾರ.

ನೀವು ಕಳಿಸಿದ ‘ಅನಾಥ ಸ್ಮಾರಕಗಳು, ಮೌನ ಸಚಿವರು’ ಲೇಖನ ತಲುಪಿತು. ಈಗಿರುವ ಹಾಗೆ ಪ್ರಕಟಿಸಲು ಆಗುವುದಿಲ್ಲ. ಸಾಮಾನ್ಯವಾಗಿ ಇಷ್ಟೇ ಬರೆದು ಮುಗಿಸುತ್ತೇನೆ. ಬಂದ ಎಲ್ಲ ಲೇಖನಕ್ಕೂ ಉದ್ದ ಉತ್ತರ ಬರೆಯುತ್ತಾ ಕೂತರೆ ಸಂಚಿಕೆ ಹೊರಡುವುದಿಲ್ಲ. ಆದರೆ ನಿಮ್ಮದನ್ನು ಪಕ್ಕಕ್ಕಿಟ್ಟ ಮೇಲೂ ಅದರ ಜೊತೆ ಮನಸ್ಸಿನಲ್ಲೇ ಜಗಳ ನಡೆದಿತ್ತು. ಹಾಗಾಗಿ ಈ ಪತ್ರ. ನಿಮ್ಮ ಹೆಸರು ತೆಗೆದು ಇದನ್ನು ಎಲ್ಲರೂ ಓದುವ ಕಡೆ ಹಾಕುತ್ತಿದ್ದೇನೆ, ಇದೇ ಥರ ಬರೆಯುವವರು ಇನ್ನೂ ತುಂಬಾ ಜನ ಇದ್ದಾರೆ.

ಓದುಗರಿಗಾಗಿ ಒಂದು ಮಾತು: ರಾಜ್ಯದ ಪರಂಪರೆ ಖಾತೆ ನೋಡಿಕೊಳ್ಳುವ ಸಚಿವರು ಸುಮ್ಮನಿರುವುದರಿಂದಲೇ ಗುಡಿ, ಕೋಟೆ, ಶಾಸನ, ವೀರಗಲ್ಲುಗಳೆಲ್ಲ ಹಾಳಾಗುತ್ತಿವೆ ಎನ್ನುವುದು ಈ ಲೇಖನದ ವಾದ.

ಕೆರೆ ಏರಿಯ ವೀರಗಲ್ಲಿಗೆ ಊರವರು ಆಯಿಲ್ ಪೇಂಟ್ ಬಳಿದ ಪ್ಯಾರಾ ಚೆನ್ನಾಗಿದೆ. ಕಣ್ಣಾರೆ ನೋಡಿ ಬರೆದದ್ದು ಅಂತ ಗೊತ್ತಾಗುತ್ತದೆ. ಭಾಷೆಯೂ ಶುದ್ಧವಾಗಿದೆ. ಹೊಗಳಿಕೆ ಮುಗಿಯಿತು.

ಈಗ ನನ್ನನ್ನು ಕೆರಳಿಸಿದ ಸಾಲು. “ಹಂಪಿಯಲ್ಲಿ ಸಾಲು ಮಂಟಪ ಕುಸಿದು ಬಿದ್ದಾಗ ನಮ್ಮ ಪರಂಪರೆ ಸಚಿವರು ಎಲ್ಲಿದ್ದರು?” ಅಂತ ಕೇಳಿದ್ದೀರಿ. 2024ರ ಮೇ ತಿಂಗಳ ಮಳೆಗೆ ವಿರೂಪಾಕ್ಷ ದೇವಸ್ಥಾನದ ಎದುರಿನ ಸಾಲು ಮಂಟಪದ ಒಂದು ಭಾಗ ಬಿದ್ದದ್ದು ನಿಜ. ಆದರೆ ಅದನ್ನು ನೋಡಿಕೊಳ್ಳುವುದು ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆ, ಅಂದರೆ ಎಎಸ್‌ಐ. ಅದು ಕೇಂದ್ರದ ಸಂಸ್ಕೃತಿ ಸಚಿವಾಲಯದ ಕೈಕೆಳಗಿದೆ. ರಾಜ್ಯದ ಸಚಿವರು ಅಲ್ಲಿಗೆ ಹೋಗಿ ನೋಡಬಹುದು, ದೆಹಲಿಗೆ ಪತ್ರ ಬರೆಯಬಹುದು, ಕ್ಯಾಮೆರಾ ಮುಂದೆ ಬೇಸರ ತೋಡಿಕೊಳ್ಳಬಹುದು. ತಮ್ಮ ಅಧಿಕಾರದ ಮೇಲೆ ಒಂದು ಕಲ್ಲು ಎತ್ತಿಡುವ ಹಾಗಿಲ್ಲ. ನೀವು ಬೈದದ್ದು ತಪ್ಪು ಮನೆಯ ಬಾಗಿಲಲ್ಲಿ ನಿಂತು. ಒಳಗಿದ್ದವರಿಗೆ ಎಷ್ಟು ಖುಷಿಯಾಗಿರಬೇಕು ಹೇಳಿ. “ಅದು ನಮ್ಮ ವ್ಯಾಪ್ತಿಗೆ ಬರುವುದಿಲ್ಲ” ಅಂತ ಒಂದೇ ಸಾಲಿನ ಉತ್ತರ ಕೊಟ್ಟರೆ ಮುಗಿಯಿತು, ನಿಮ್ಮ ಉಳಿದ ಎಂಟು ಪುಟ ಯಾರೂ ಓದಬೇಕಿಲ್ಲ.

ಇದೇನು ಗುಟ್ಟಿನ ವಿಷಯ ಅಲ್ಲ. ಸಂವಿಧಾನದ ಏಳನೇ ಅನುಸೂಚಿಯಲ್ಲೇ ಇದೆ. ಸಂಸತ್ತು ರಾಷ್ಟ್ರೀಯ ಮಹತ್ವದ್ದು ಎಂದು ಘೋಷಿಸಿದ ಸ್ಮಾರಕಗಳು ಕೇಂದ್ರ ಪಟ್ಟಿಯಲ್ಲಿವೆ, 67ನೇ ನಮೂದು. ಅದು ಬಿಟ್ಟು ಉಳಿದ ಪ್ರಾಚೀನ ಸ್ಮಾರಕಗಳು ರಾಜ್ಯ ಪಟ್ಟಿಯಲ್ಲಿವೆ, 12ನೇ ನಮೂದು. ಕೇಂದ್ರದ ಕಾಯ್ದೆ 1958ರದು, ಕರ್ನಾಟಕದ್ದು 1961ರದು. ಸ್ಮಾರಕದ ಮುಂದೆ ತುಕ್ಕು ಹಿಡಿದ ಫಲಕ ಇರುತ್ತದಲ್ಲ, ‘ಹಾಳು ಮಾಡಿದವರಿಗೆ ಶಿಕ್ಷೆ’ ಅಂತ ಬರೆದದ್ದು, ಅದನ್ನು ಪೂರ್ತಿ ಓದಿ. ಯಾವ ಇಲಾಖೆ, ಯಾವ ವರ್ಷದ ಕಾಯ್ದೆ ಅಂತ ಅದರಲ್ಲೇ ಇರುತ್ತದೆ. ಲೇಖನದ ಜೊತೆ ನೀವೇ ಕಳಿಸಿದ ಮೂರನೇ ಫೋಟೊದಲ್ಲಿ ಆ ಫಲಕ ಇದೆ. ಅದನ್ನು ಚೌಕಟ್ಟಿನ ಅಂಚಿನಲ್ಲಿ ಅರ್ಧ ಕತ್ತರಿಸಿಬಿಟ್ಟಿದ್ದೀರಿ, ಹಿಂದಿನ ಗೋಪುರ ಚೆನ್ನಾಗಿ ಬರಲಿ ಅಂತ ಇರಬೇಕು.

ಮುಂದಿನ ಸಾಲು: “ಮೈಸೂರಿನ ಲ್ಯಾನ್ಸ್‌ಡೌನ್ ಕಟ್ಟಡ, ದೇವರಾಜ ಮಾರುಕಟ್ಟೆ ಎರಡನ್ನೂ ಸಚಿವರು ಸಾಯಲು ಬಿಟ್ಟರು.” ಲ್ಯಾನ್ಸ್‌ಡೌನ್ ಕಟ್ಟಡದ ಒಂದು ಭಾಗ 2012ರಲ್ಲಿ ಕುಸಿದಾಗ ಸತ್ತದ್ದು ನಾಲ್ಕು ಜನ. ಮಾರುಕಟ್ಟೆಯ ಒಂದು ಭಾಗ ಬಿದ್ದದ್ದು 2016ರಲ್ಲಿ. ನಿಮ್ಮ ಸಾಲಿನಲ್ಲಿ ಕಟ್ಟಡ ಸತ್ತಿದೆ, ಆ ನಾಲ್ಕು ಜನ ಕಾಣಿಸುವುದೇ ಇಲ್ಲ. ಅದು ಹಾಗಿರಲಿ. ಎರಡೂ ಕಟ್ಟಡ ಮಹಾನಗರ ಪಾಲಿಕೆಯ ಆಸ್ತಿ. ಬಾಡಿಗೆ ಎತ್ತುವುದು ಪಾಲಿಕೆ, ರಿಪೇರಿ ಮಾಡಬೇಕಾದದ್ದೂ ಪಾಲಿಕೆ. ಪಾಲಿಕೆಯ ಮೇಲಿರುವುದು ನಗರಾಭಿವೃದ್ಧಿ ಇಲಾಖೆ, ಅಂದರೆ ಇನ್ನೊಬ್ಬ ಸಚಿವರು. ಪರಂಪರೆ ಇಲಾಖೆಗೆ ಇಲ್ಲಿ ಸಲಹೆ ಕೊಡುವ ಪಾತ್ರ ಇದೆ. ಆ ಸಲಹೆ ಏನಿತ್ತು, ಯಾರು ಕೇಳಿದರು, ಯಾರು ಪಕ್ಕಕ್ಕೆ ತಳ್ಳಿದರು? ಲೇಖನ ಇರುವುದು ಅಲ್ಲಿ. ನೀವು ಅದರ ಪಕ್ಕದಿಂದಲೇ ಹಾದುಹೋಗಿದ್ದೀರಿ.

ಮತ್ತೊಂದು: “ಸಾವಿರಾರು ಹಳೆಯ ದೇವಾಲಯಗಳು ಸಚಿವರ ನಿರ್ಲಕ್ಷ್ಯಕ್ಕೆ ಬಲಿಯಾಗಿವೆ.” ಯಾವ ಸಚಿವರು ಸ್ವಾಮಿ? ಹಳೆಯ ಗುಡಿಗಳಲ್ಲಿ ಬಹಳಷ್ಟು ಮುಜರಾಯಿ ಇಲಾಖೆಗೆ ಸೇರಿವೆ. ಅದಕ್ಕೆ ಬೇರೆ ಸಚಿವರು, ಬೇರೆ ಕಾಯ್ದೆ. ಕೆಲವು ಊರವರ ಟ್ರಸ್ಟಿನವು, ಕೆಲವು ಯಾರಿಗೂ ಸೇರಿಲ್ಲ. ಕೆತ್ತನೆಯ ಕಂಬಕ್ಕೆ ಬಾತ್‌ರೂಮ್ ಟೈಲ್ಸ್ ಅಂಟಿಸಿದ್ದನ್ನು, ಗಾರೆ ಕಿತ್ತು ಸಿಮೆಂಟ್ ಮೆತ್ತಿದ್ದನ್ನು ನಾನೂ ನೋಡಿದ್ದೇನೆ. ಅದನ್ನು ಮಾಡಿದವರಲ್ಲಿ ಜಾಸ್ತಿ ಜನ ಭಕ್ತರು, ಚಂದಾ ಎತ್ತಿ ಜೀರ್ಣೋದ್ಧಾರ ಮಾಡಿದೆವು ಅಂತ ಹೆಮ್ಮೆಪಟ್ಟವರು. ಸಿಮೆಂಟ್ ಮೆತ್ತಿದರೆ ಗೋಡೆಯ ತೇವ ಹೊರಗೆ ಹೋಗದೆ ಒಳಗೇ ನಿಂತು ಕಲ್ಲನ್ನು ತಿನ್ನುತ್ತದೆ ಎಂದು ಅವರಿಗೆ ಹೇಳಿದವರು ಯಾರೂ ಇಲ್ಲ. ಅದನ್ನು ಹೇಳುವ ಕೆಲಸ ಸರ್ಕಾರದ್ದೇ ಅಂತ ನೀವು ವಾದ ಮಾಡಬಹುದಿತ್ತು, ನಾನು ಒಪ್ಪುತ್ತಿದ್ದೆ. ಆದರೆ ಅದು ಬೇರೆ ಲೇಖನ, ಅದರಲ್ಲಿ ಊರವರನ್ನೂ ಎದುರು ಹಾಕಿಕೊಳ್ಳಬೇಕಾಗುತ್ತದೆ. ಸಚಿವರನ್ನು ಬೈಯುವುದು ಅದಕ್ಕಿಂತ ಸುಲಭ, ಅಲ್ವಾ?

ಅಂದಹಾಗೆ, ನಮ್ಮ ರಾಜ್ಯದಲ್ಲಿ ಬರೀ ಪರಂಪರೆಗೇ ಅಂತ ಒಬ್ಬ ಸಚಿವರಿಲ್ಲ. ಪುರಾತತ್ವ, ಸಂಗ್ರಹಾಲಯಗಳು ಮತ್ತು ಪರಂಪರೆ ಇಲಾಖೆ ಈಗ ಪ್ರವಾಸೋದ್ಯಮದ ಜೊತೆಗಿದೆ. ಇದು ಲೇಖನದ ಮೊದಲ ಪುಟದಲ್ಲೇ ಬರಬೇಕಿತ್ತು. ಜನ ಬರಲಿ ಅಂತ ದೀಪ, ಹೋಟೆಲ್, ರಸ್ತೆ ಕೇಳುವ ಖಾತೆಯೂ ಅದೇ, ಜನ ಜಾಸ್ತಿಯಾದರೆ ಕಲ್ಲು ಸವೆಯುತ್ತದೆ ಎಂದು ತಡೆಯಬೇಕಾದ ಇಲಾಖೆಯೂ ಅದರದ್ದೇ. ಒಬ್ಬರೇ ಮನುಷ್ಯ ಎರಡೂ ಕಡೆ ಸಹಿ ಹಾಕಬೇಕು. ಈ ಇಕ್ಕಟ್ಟಿನ ಮೇಲೆ ನೀವು ಒಂದು ಪ್ಯಾರಾ ಬರೆದಿದ್ದರೂ ನಾನು ಲೇಖನ ವಾಪಸ್ ಕಳಿಸುತ್ತಿರಲಿಲ್ಲ.

ನನ್ನ ಎರಡನೇ ತಕರಾರು ಕೊನೆಯ ಪುಟದ ಮೇಲೆ. ಅದನ್ನು ಹಾಗೇ ಇಳಿಸುತ್ತೇನೆ: “ಸ್ಮಾರಕಗಳ ಸಮೀಕ್ಷೆ ಆಗಬೇಕು. ಒತ್ತುವರಿ ತೆರವಾಗಬೇಕು. ಅನುದಾನ ಬಿಡುಗಡೆಯಾಗಬೇಕು. ಜನರಲ್ಲಿ ಜಾಗೃತಿ ಮೂಡಬೇಕು. ತಪ್ಪಿತಸ್ಥರ ವಿರುದ್ಧ ಕಠಿಣ ಕ್ರಮ ಕೈಗೊಳ್ಳಬೇಕು.”

ಐದು ವಾಕ್ಯ. ಒಂದರಲ್ಲೂ ಕೆಲಸ ಮಾಡುವ ಮನುಷ್ಯರಿಲ್ಲ.

ಸಮೀಕ್ಷೆ ಯಾರು ಮಾಡಬೇಕು? ಪುರಾತತ್ವ ಇಲಾಖೆಯ ಆಯುಕ್ತರ ಕಚೇರಿಯವರೋ, ಹೊರಗಿನ ತಜ್ಞರೋ? ಒತ್ತುವರಿ ತೆರವು ಮಾಡಿಸುವವರು ತಹಶೀಲ್ದಾರರು, ಅಳತೆ ಮಾಡುವವರು ಸರ್ವೆಯವರು, ಇಬ್ಬರೂ ಕಂದಾಯ ಇಲಾಖೆಯವರು. ಪರಂಪರೆ ಸಚಿವರು ಅಲ್ಲಿ ಕೇಳಿಕೊಳ್ಳಬೇಕೇ ಹೊರತು ಆಜ್ಞೆ ಮಾಡುವ ಹಾಗಿಲ್ಲ. ಅನುದಾನದ ಮಾತು ಇನ್ನೂ ತಮಾಷೆಯದು. ಬಜೆಟ್ಟಿನಲ್ಲಿ ಘೋಷಣೆಯಾಗಿ, ವಿಧಾನಮಂಡಲ ಒಪ್ಪಿ, ಆರ್ಥಿಕ ಇಲಾಖೆ ಕಂತು ಬಿಡುವ ಹೊತ್ತಿಗೆ ಲೆಕ್ಕದ ವರ್ಷ ಮುಗಿಯುವ ಮಾರ್ಚ್ ಹತ್ತಿರ ಬಂದಿದ್ದರೆ ಆ ದುಡ್ಡನ್ನು ತರಾತುರಿಯಲ್ಲಿ ಮುಗಿಸಬೇಕು. ಸುಣ್ಣದ ಗಾರೆ ತರಾತುರಿಯಲ್ಲಿ ಒಣಗುವುದಿಲ್ಲ. ಅದರ ಜೊತೆಗೆ ಟೆಂಡರ್. ಚರಂಡಿ ಕಟ್ಟಲು ಕಡಿಮೆ ಬೆಲೆ ಕೂಗಿದವರಿಗೆ ಕೆಲಸ ಕೊಡುವ ಲೆಕ್ಕದಲ್ಲೇ ನೂರಾರು ವರ್ಷದ ಮಂಟಪದ ಕೆಲಸವನ್ನೂ ಕೊಟ್ಟರೆ ಏನಾಗುತ್ತದೆ ಅಂತ ಯೋಚಿಸಿ. ಇನ್ನು ಜಾಗೃತಿ ತಾನಾಗಿ ಮೂಡುವುದಿಲ್ಲ, ಅದನ್ನು ಬಿಟ್ಟುಬಿಡೋಣ.

ನಾನು ಕೆಲಸ ಕಲಿತದ್ದು ಒಂದು ಸಣ್ಣ ಪತ್ರಿಕೆಯಲ್ಲಿ, ಮೊಳೆ ಜೋಡಿಸಿ ಅಚ್ಚು ಮಾಡುತ್ತಿದ್ದ ಕಾಲ. ಸರ್ಕಾರದ ಪತ್ರಿಕಾ ಪ್ರಕಟಣೆಗಳನ್ನು ಸುದ್ದಿ ಮಾಡಿಕೊಡುವುದು ನನ್ನ ಪಾಲಿಗೆ ಬಂದಿತ್ತು. ಅಲ್ಲೊಬ್ಬರು ಹಿರಿಯ ಉಪಸಂಪಾದಕರಿದ್ದರು, ಬೀಡಿ ಸೇದುತ್ತಾ ಪ್ರೂಫ್ ನೋಡುತ್ತಿದ್ದರು, ಬೂದಿ ಆ ಹಾಳೆಯ ಮೇಲೇ ಬೀಳುತ್ತಿತ್ತು. ‘ಕ್ರಮ ಕೈಗೊಳ್ಳಲಾಗುವುದು’ ಅಂತ ಬಂದ ಕಡೆಯೆಲ್ಲ ಕೆಂಪು ಪೆನ್ಸಿಲಿನಲ್ಲಿ ಸುತ್ತು ಹಾಕಿ ಪಕ್ಕದಲ್ಲಿ ‘ಯಾರು?’ ಅಂತ ಬರೆದು ವಾಪಸ್ ಕೊಡುತ್ತಿದ್ದರು. ಪ್ರಕಟಣೆಯಲ್ಲಿ ಅಷ್ಟೇ ಇದೆ ಸಾರ್ ಅಂದರೆ, ಫೋನ್ ತೋರಿಸುತ್ತಿದ್ದರು. ಒಂದು ಹಳೇ ಛತ್ರದ ರಿಪೇರಿ ವಿಷಯಕ್ಕೆ ಹೀಗೇ ಫೋನ್ ಮಾಡಲು ಕೂರಿಸಿದರು. ಒಂದು ಕಚೇರಿಯವರು ಇನ್ನೊಂದರ ಹೆಸರು ಹೇಳಿದರು, ಅವರು ಮತ್ತೊಂದರ ಹೆಸರು ಹೇಳಿದರು, ಕೊನೆಯವರು ತಿರುಗಿ ಮೊದಲನೆಯ ಕಚೇರಿಗೇ ಕೇಳಿ ಅಂದರು. ನಾನು ಹೋಗಿ ಯಾರೂ ಒಪ್ಪಿಕೊಳ್ಳುತ್ತಿಲ್ಲ ಸಾರ್ ಅಂದೆ. “ಸುದ್ದಿ ಅದೇ ಕಣಯ್ಯಾ, ಬರಿ” ಅಂದರು. ಅಷ್ಟು ಹೇಳಿ ಮತ್ತೆ ಪ್ರೂಫಿಗೆ ತಲೆ ಹಾಕಿದರು. ನಾನು ಅವರ ಹತ್ತಿರ ಹೊಗಳಿಸಿಕೊಂಡದ್ದು ಅಂತ ಇದ್ದರೆ ಅದೊಂದೇ, ಅದೂ ಹೊಗಳಿಕೆ ಹೌದೋ ಅಲ್ಲವೋ ಇವತ್ತಿಗೂ ಗೊತ್ತಿಲ್ಲ.

ಸರ್ಕಾರ ಯಾಕೆ ಹಾಗೆ ಬರೆಯುತ್ತದೆ ಎಂದು ಆಮೇಲೆ ತಿಳಿಯಿತು. ಯಾವುದಾದರೂ ಸರ್ಕಾರಿ ಆದೇಶದ ಕೊನೆ ನೋಡಿ. ‘ಕರ್ನಾಟಕ ರಾಜ್ಯಪಾಲರ ಆದೇಶಾನುಸಾರ ಮತ್ತು ಅವರ ಹೆಸರಿನಲ್ಲಿ’ ಅಂತ ಇರುತ್ತದೆ. ಕೆಳಗೆ ಅಧೀನ ಕಾರ್ಯದರ್ಶಿಯವರ ಸಹಿ ಇರುತ್ತದೆ. ತೀರ್ಮಾನ ಮಾಡಿದ ಸಚಿವರ ಹೆಸರು ಎಲ್ಲೂ ಇರುವುದಿಲ್ಲ. ಅವರು ಬರೆದ ಷರಾ, ಅಂದರೆ ಟಿಪ್ಪಣಿ, ಕಡತದ ಒಳಗೆ ಕೂತಿರುತ್ತದೆ. ಸರ್ಕಾರಕ್ಕೆ ಹಾಗೆ ಬರೆಯಲು ಕಾರಣ ಇದೆ, ಸಂವಿಧಾನದ 166ನೇ ವಿಧಿಯೇ ಇದೆ. ನಿಮಗೆ ಯಾವ ಕಾರಣ ಇದೆ? ಸಚಿವರ ವಿರುದ್ಧ ಬರೆದ ಲೇಖನದಲ್ಲೇ ಸಚಿವಾಲಯದ ಭಾಷೆ ಬಳಸಿ, ಅವರು ತಪ್ಪಿಸಿಕೊಳ್ಳುವ ದಾರಿಯನ್ನು ನೀವೇ ತೆರೆದುಕೊಟ್ಟಿದ್ದೀರಿ.

ನಾನು ಸಚಿವರ ವಕಾಲತ್ತು ವಹಿಸುತ್ತಿದ್ದೇನೆ ಅಂದುಕೊಳ್ಳಬೇಡಿ. ಬೈಯಲು ಜಾಗ ಬೇಕಾದಷ್ಟಿದೆ. ಹಂಪಿಯನ್ನೇ ತೆಗೆದುಕೊಳ್ಳಿ. 1986ರಲ್ಲಿ ವಿಶ್ವ ಪರಂಪರೆ ಪಟ್ಟಿಗೆ ಸೇರಿದ ಜಾಗ 1999ರಲ್ಲಿ ಅಪಾಯದಲ್ಲಿರುವ ತಾಣಗಳ ಪಟ್ಟಿಗೆ ಹೋಯಿತು. ಮುಖ್ಯ ಕಾರಣ ಅಲ್ಲಿ ಕಟ್ಟುತ್ತಿದ್ದ ಸೇತುವೆ. ಅದನ್ನು ಕಟ್ಟಿಸುತ್ತಿದ್ದದ್ದು ದೆಹಲಿ ಅಲ್ಲ, ನಮ್ಮದೇ ರಾಜ್ಯ ಸರ್ಕಾರ. ಹೊಳೆಯಾಚೆಯ ಜನಕ್ಕೆ ಸೇತುವೆ ಬೇಕಿತ್ತು, ಅದರಲ್ಲಿ ಸುಳ್ಳಿಲ್ಲ, ತೆಪ್ಪದಲ್ಲಿ ದಾಟುವವರ ಕಷ್ಟ ದಾಟುವವರಿಗೇ ಗೊತ್ತು. ಆದರೆ ಆ ಜಾಗದಲ್ಲೇ, ಆ ರೀತಿಯಲ್ಲೇ ಬೇಕಿತ್ತಾ ಅಂತ ಸಂಪುಟದೊಳಗೆ ಯಾರಾದರೂ ಕೇಳಬೇಕಿತ್ತು. ಹಂಪಿಗೆ ಅಂತಲೇ ನಿರ್ವಹಣಾ ಪ್ರಾಧಿಕಾರದ ಕಾಯ್ದೆ ರಾಜ್ಯ ಮಾಡಿದ್ದು ಆಮೇಲೆ, 2002ರಲ್ಲಿ. ಅಪಾಯದ ಪಟ್ಟಿಯಿಂದ ಹೊರಬಂದದ್ದು 2006ರಲ್ಲಿ. 2009ರ ಜನವರಿಯಲ್ಲಿ ಆನೆಗೊಂದಿಯ ಆ ಸೇತುವೆ ಕಟ್ಟುವಾಗಲೇ ಕುಸಿದು ಕಾರ್ಮಿಕರು ಸತ್ತರು. ಇಷ್ಟು ಕಥೆ ಕಣ್ಣ ಮುಂದೆ ಇದ್ದರೂ ನೀವು ಹಂಪಿಯಿಂದ ಎತ್ತಿಕೊಂಡದ್ದು ಮಳೆಗೆ ಬಿದ್ದ ಮಂಟಪವನ್ನು.

ನನ್ನ ಪ್ರಕಾರ ಈ ಖಾತೆಯ ಸಚಿವರ ನಿಜವಾದ ಕೆಲಸ ಇಲ್ಲೇ ಇರುವುದು. ಪಕ್ಕದ ಕುರ್ಚಿಯಲ್ಲಿ ಕೂತ ಲೋಕೋಪಯೋಗಿ ಸಚಿವರಿಗೆ, ನಗರಾಭಿವೃದ್ಧಿ ಸಚಿವರಿಗೆ, ಕೆಲವೊಮ್ಮೆ ಮುಖ್ಯಮಂತ್ರಿಗೇ ‘ಇದು ಬೇಡ’ ಅನ್ನುವುದು. ಉದ್ಘಾಟನೆ, ಉತ್ಸವ, ಕೈಪಿಡಿ ಬಿಡುಗಡೆ ಇದಕ್ಕೆಲ್ಲ ಯಾರಾದರೂ ಸಾಕು. 1961ರ ಕಾಯ್ದೆಯ ಕೆಳಗೆ ಒಂದು ಸ್ಮಾರಕವನ್ನು ಸಂರಕ್ಷಿತ ಎಂದು ಘೋಷಿಸಬೇಕಾದರೆ ಮೊದಲು ಅಧಿಸೂಚನೆ, ಆಕ್ಷೇಪಣೆಗೆ ಸಮಯ, ಆಮೇಲೆ ಕೊನೆಯ ಅಧಿಸೂಚನೆ. ಮೊದಲನೆಯದು ಹೊರಟು ಕೊನೆಯದು ಹೊರಡದೆ ನಿಂತಿದ್ದರೆ ನಡುವೆ ಯಾರೋ ಬೇಡ ಅಂದಿರುತ್ತಾರೆ. ಶ್ರೀರಂಗಪಟ್ಟಣದಲ್ಲಿ ರೈಲ್ವೆ ಹಳಿ ಜೋಡಿ ಮಾಡಲು ಟಿಪ್ಪು ಕಾಲದ ಮದ್ದುಗುಂಡಿನ ಮನೆ ಅಡ್ಡ ಬಂದಿತ್ತು. ಅದನ್ನು ಕೆಡವಲಿಲ್ಲ, 2017ರಲ್ಲಿ ಇಡೀ ಕಟ್ಟಡವನ್ನೇ ಎತ್ತಿ ಪಕ್ಕಕ್ಕೆ ಸರಿಸಿದರು. ಆ ಕಡತ ಎಷ್ಟು ಮೇಜು ಸುತ್ತಿತು, ಯಾರು ಏನು ಷರಾ ಹಾಕಿದರು, ಕೆಡವಿಬಿಡಿ ಅಂದವರು ಯಾರಾದರೂ ಇದ್ದರಾ? ನನಗೆ ಅದನ್ನು ಓದುವ ಆಸೆ. ಪರಂಪರೆ ಉಳಿಸುವುದು ಅಂದರೆ ಸರ್ಕಾರದೊಳಗೆ ಹೇಗೆ ನಡೆಯುತ್ತದೆ ಎನ್ನುವುದು ಒಂದೇ ಕಟ್ಟಡದ ಕಥೆಯಲ್ಲಿ ಗೊತ್ತಾಗುತ್ತದೆ.

ಹಾಗಾಗಿ ಇಡೀ ರಾಜ್ಯ ಬಿಡಿ. ನಿಮ್ಮ ಜಿಲ್ಲೆಯಲ್ಲಿ ರಾಜ್ಯ ಇಲಾಖೆಯ ಸಂರಕ್ಷಣೆಯಲ್ಲಿರುವ ಒಂದೇ ಒಂದು ಸ್ಮಾರಕ ಆರಿಸಿಕೊಳ್ಳಿ. ಅದಕ್ಕೆ ಹೋದ ವರ್ಷ ಎಷ್ಟು ದುಡ್ಡು ಮಂಜೂರಾಯಿತು, ಎಷ್ಟು ಖರ್ಚಾಯಿತು, ಗುತ್ತಿಗೆ ಯಾರಿಗೆ ಹೋಯಿತು, ಕಡತದಲ್ಲಿ ಸಚಿವರ ಷರಾ ಇದ್ದರೆ ಅದರ ನಕಲು, ಇಷ್ಟನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ. ಹತ್ತು ರೂಪಾಯಿ ಶುಲ್ಕ, 30 ದಿನದೊಳಗೆ ಉತ್ತರ ಕೊಡಬೇಕು. ಕೊಡದಿದ್ದರೆ ಮೇಲ್ಮನವಿ ಹಾಕಿ. ನಮ್ಮ ರಾಜ್ಯದ ನಿಯಮದ ಪ್ರಕಾರ ಒಂದು ಅರ್ಜಿಯಲ್ಲಿ ಒಂದೇ ವಿಷಯ ಇರಬೇಕು, ಸಾಮಾನ್ಯವಾಗಿ 150 ಪದ ಮೀರಬಾರದು. ನಿಮ್ಮ ಲೇಖನದ ಮೊದಲ ಪ್ಯಾರಾ ಒಂದೇ ಅದಕ್ಕಿಂತ ಉದ್ದ ಇದೆ. ಅರ್ಜಿ ಬರೆಯುವಾಗ ಕಷ್ಟವಾಗಬಹುದು, ಬರೆದ ಮೇಲೆ ಬೇಕಾದರೆ ನನಗೆ ತೋರಿಸಿ.