ಅನ್ನಾ ಮನ್ಯಾನಿ ಯಾರು? ಅವರ ಯಾವ ಸಿನಿಮಾದಿಂದ ಶುರು ಮಾಡಲಿ?

ಇಟಲಿಯ ನಟಿಯರಲ್ಲಿ ಸೋಫಿಯಾ ಲೊರೆನ್ ಬಿಟ್ಟರೆ ಬೇರೆ ಯಾರೂ ಗೊತ್ತಿಲ್ಲ, ಮನ್ಯಾನಿ ಹೆಸರು ಈಗಷ್ಟೇ ಕೇಳಿದೆ ಎಂದು ಬರೆದಿದ್ದೀರಿ. ನನ್ನನ್ನು ಕೇಳಿದರೆ ‘ರೋಮ್, ಓಪನ್ ಸಿಟಿ’ಯಿಂದ ಶುರು ಮಾಡಿ. ಬಂದದ್ದು 1945ರಲ್ಲಿ, ನಿರ್ದೇಶಕ ರೊಬೆರ್ತೊ ರೊಸ್ಸೆಲ್ಲಿನಿ. ಜರ್ಮನ್ ಸೈನ್ಯ ರೋಮ್ ಬಿಟ್ಟು ಹೋಗಿ ಒಂದು ವರ್ಷ ಕೂಡ ಆಗಿರಲಿಲ್ಲ, ಆಗಲೇ ಅದೇ ಬೀದಿಗಳಲ್ಲಿ ಶೂಟಿಂಗ್ ನಡೆಯಿತು. ಮನ್ಯಾನಿ ಇದರಲ್ಲಿ ಪೀನಾ ಎಂಬ ಗರ್ಭಿಣಿ ವಿಧವೆ. ಅವಳ ಮರುಮದುವೆ ಆಗಬೇಕಿದ್ದ ದಿನವೇ ಜರ್ಮನ್ನರು ಮದುಮಗನನ್ನು ಲಾರಿಗೆ ತುಂಬಿಕೊಂಡು ಹೋಗುತ್ತಾರೆ. ಅವನ ಹೆಸರು ಕೂಗುತ್ತಾ ಪೀನಾ ಲಾರಿಯ ಹಿಂದೆ ಓಡುತ್ತಾಳೆ. ಗುಂಡು ಬೀಳುತ್ತದೆ. ಸಿನಿಮಾ ಇನ್ನೂ ಅರ್ಧ ಬಾಕಿ ಇರುತ್ತದೆ! 1944ರ ಮಾರ್ಚ್‌ನಲ್ಲಿ ರೋಮ್‌ನಲ್ಲಿ ತೆರೇಸಾ ಗುಲ್ಲಾಚೆ ಎಂಬ ಗರ್ಭಿಣಿಯನ್ನು ನಿಜವಾಗಿಯೂ ಹೀಗೇ ಗುಂಡಿಟ್ಟು ಕೊಂದಿದ್ದರು. ಪೀನಾ ಪಾತ್ರ ಹುಟ್ಟಿದ್ದು ಅದರಿಂದ. ಅಂದು ಸಿನಿಮಾ ನೋಡಿದ ರೋಮ್ ಜನರಿಗೆ ಅದು ಕಥೆ ಅನ್ನಿಸಿರಲಾರದು.

ಈ ಸಿನಿಮಾ ಬಂದಾಗ ಮನ್ಯಾನಿಗೆ 37 ವರ್ಷ. ಹುಟ್ಟಿದ್ದು 1908ರಲ್ಲಿ, ರೋಮ್‌ನಲ್ಲಿ. ಅಪ್ಪನನ್ನು ನೋಡಲೇ ಇಲ್ಲ, ಅಮ್ಮ ಈಜಿಪ್ಟಿನ ಅಲೆಕ್ಸಾಂಡ್ರಿಯಾಕ್ಕೆ ಹೋದರು, ಸಾಕಿದ್ದು ಅಜ್ಜಿ. ನಾಟಕ ಕಲಿತರು, ರಾತ್ರಿ ಕ್ಲಬ್‌ಗಳಲ್ಲಿ ಹಾಡಿದರು, ಯುದ್ಧದ ವರ್ಷಗಳಲ್ಲಿ ತೊತೊ ಎಂಬ ದೊಡ್ಡ ಹಾಸ್ಯನಟನ ಜೊತೆ ವೇದಿಕೆ ಹತ್ತಿದರು. ಮಗ ಲೂಕಾಗೆ ಚಿಕ್ಕಂದಿನಲ್ಲೇ ಪೋಲಿಯೊ ಬಂತು. ಇಷ್ಟೆಲ್ಲ ಕಂಡ ಮೇಲೆ ಸಿಕ್ಕ ಖ್ಯಾತಿ ಅದು.

ರೊಸ್ಸೆಲ್ಲಿನಿ ಜೊತೆಗಿನ ಪ್ರೀತಿಯ ಕಥೆ ಎಲ್ಲ ಕಡೆ ಸಿಗುತ್ತದೆ. ಆಮೇಲೆ ರೊಸ್ಸೆಲ್ಲಿನಿ ನಟಿ ಇಂಗ್ರಿಡ್ ಬರ್ಗ್‌ಮನ್ ಕಡೆ ಹೋದರು. ಒಂದು ದ್ವೀಪದಲ್ಲಿ ಆ ಇಬ್ಬರ ಸಿನಿಮಾ ‘ಸ್ಟ್ರೋಂಬೊಲಿ’ಯ ಶೂಟಿಂಗ್, ಹತ್ತಿರದ ಇನ್ನೊಂದರಲ್ಲಿ ಮನ್ಯಾನಿಯ ‘ವುಲ್ಕಾನೊ’ದ್ದು. ಪತ್ರಿಕೆಗಳಿಗೆ ಹಬ್ಬ. ಆದರೆ ಮನ್ಯಾನಿಯನ್ನು ಬರೀ ಆ ಗಾಸಿಪ್‌ನಿಂದ ನೆನಪಿಟ್ಟುಕೊಳ್ಳುವುದು ಅನ್ಯಾಯ, ಅಲ್ವಾ?

ಎರಡನೆಯದಾಗಿ ನಿರ್ದೇಶಕ ವಿಸ್ಕೊಂತಿಯ ‘ಬೆಲ್ಲಿಸ್ಸಿಮಾ’ (1951) ನೋಡಿ. ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಇದು. ಮನೆಮನೆಗೆ ಹೋಗಿ ಇಂಜೆಕ್ಷನ್ ಕೊಟ್ಟು ಸಂಪಾದಿಸುವ ತಾಯಿಗೆ ಪುಟ್ಟ ಮಗಳನ್ನು ಸಿನಿಮಾಗೆ ಸೇರಿಸುವ ಹುಚ್ಚು. ಕೊನೆಗೆ ಮಗಳ ಸ್ಕ್ರೀನ್ ಟೆಸ್ಟ್ ನೋಡಿ ಸಿನಿಮಾದವರು ಬಿದ್ದು ಬಿದ್ದು ನಗುವುದನ್ನು ಮರೆಯಲ್ಲಿ ನಿಂತು ನೋಡುತ್ತಾಳೆ. ಆ ಹೊತ್ತಿನ ಮನ್ಯಾನಿಯ ಮುಖ ನೋಡಿ. ಆಸೆ, ಅವಮಾನ, ಮಗಳ ಮೇಲಿನ ಪ್ರೀತಿ ಎಲ್ಲ ಒಟ್ಟಿಗೆ ಬರುತ್ತವೆ. ಮಾತೇ ಬೇಕಾಗುವುದಿಲ್ಲ.

ಅಮೆರಿಕದ ನಾಟಕಕಾರ ಟೆನ್ನೆಸ್ಸಿ ವಿಲಿಯಮ್ಸ್ ‘ದಿ ರೋಸ್ ಟ್ಯಾಟೂ’ ಬರೆದದ್ದೇ ಇವರನ್ನು ಮನಸ್ಸಿನಲ್ಲಿಟ್ಟುಕೊಂಡು. ತಮ್ಮ ಇಂಗ್ಲಿಷ್ ಸಾಲದು ಎಂದು ಮನ್ಯಾನಿ ರಂಗದ ಮೇಲೆ ಮಾಡಲು ಒಪ್ಪಲಿಲ್ಲ. ಆಮೇಲೆ 1955ರ ಸಿನಿಮಾದಲ್ಲಿ ಮಾಡಿ ಆಸ್ಕರ್ ಗೆದ್ದರು. ನಟನೆಗೆ ಆಸ್ಕರ್ ಪಡೆದ ಮೊದಲ ಇಟಾಲಿಯನ್ ಇವರೇ. ಅಭಿನಯ ಜೋರು, ಆದರೆ ಸಿನಿಮಾ ನನಗೆ ಸ್ವಲ್ಪ ನಾಟಕದಂತೆ ಅನ್ನಿಸುತ್ತದೆ. ಅದಕ್ಕಿಂತ ನಿರ್ದೇಶಕ ಪಸೋಲಿನಿಯ ‘ಮಮ್ಮಾ ರೋಮಾ’ (1962) ಮೊದಲು ನೋಡಿ.

ನೀವು ಲೊರೆನ್ ಹೆಸರು ಹೇಳಿದ್ದರಿಂದ ಇದನ್ನೂ ಹೇಳಬೇಕು. ‘ಟೂ ವಿಮೆನ್’ ಸಿನಿಮಾಗೆ ಮೊದಲು ಯೋಚಿಸಿದ್ದು ಮನ್ಯಾನಿ ತಾಯಿ, ಲೊರೆನ್ ಮಗಳು ಎಂದು. ಮನ್ಯಾನಿ ಒಪ್ಪಲಿಲ್ಲ. ತಾಯಿಯ ಪಾತ್ರ ಲೊರೆನ್‌ಗೆ ಹೋಯಿತು, ಆಸ್ಕರ್ ಕೂಡ ಬಂತು.

ಮನ್ಯಾನಿ ತೀರಿಕೊಂಡದ್ದು 1973ರಲ್ಲಿ, ರೋಮ್‌ನಲ್ಲೇ. ಹಿಂದಿನ ವರ್ಷ ನಿರ್ದೇಶಕ ಫೆಲ್ಲಿನಿಯ ‘ರೋಮಾ’ ಸಿನಿಮಾದಲ್ಲಿ ಒಂದು ಗಳಿಗೆ ಅನ್ನಾ ಮನ್ಯಾನಿಯಾಗಿಯೇ ಕಾಣಿಸಿಕೊಂಡಿದ್ದರು.

ಯಾವುದನ್ನು ನೋಡಿದರೂ ಇಟಾಲಿಯನ್ ಸಿನಿಮಾಗಳನ್ನು ಇಂಗ್ಲಿಷ್ ಡಬ್ಬಿಂಗ್‌ನಲ್ಲಿ ಮಾತ್ರ ನೋಡಬೇಡಿ. ಸಬ್‌ಟೈಟಲ್ ಹಾಕಿಕೊಳ್ಳಿ. ರೋಮ್ ಬೀದಿಯ ಆಡುಮಾತು, ಆ ಒರಟು ಗಂಟಲು, ಜೋರು ನಗು ಇಲ್ಲದಿದ್ದರೆ ಮನ್ಯಾನಿಯ ಅರ್ಧ ಅಭಿನಯ ಹೋದಂತೆ.