ಚಿತ್ರದ ಮೇಷ್ಟ್ರನ್ನು ಕೇಳಿ: ಅಕ್ಕ ಪಟ್ಟವೇರಿದ ದಿನ ಸಾಯಬೇಕಾದ ತಮ್ಮ

ಬೇರೆ ಗ್ರಹದವನಾಗಿದ್ದು, ನಿಜವಾಗಿಯೂ ರಾಜಮನೆತನದಲ್ಲಿ ಹುಟ್ಟಿದ ಸೂಪರ್‌ಹೀರೋ ಯಾರಾದರೂ ಇದ್ದಾನಾ? ಸೂಪರ್‌ಮ್ಯಾನೇ ರಾಜಕುಮಾರ ಅಂತ ನಮ್ಮ ಹಾಸ್ಟೆಲಿನಲ್ಲಿ ಒಬ್ಬ ಹಟ ಹಿಡಿದಿದ್ದಾನೆ.
— ಬಿ.ಎಸ್ಸಿ. ವಿದ್ಯಾರ್ಥಿ, ಮಂಡ್ಯ

ಸೂಪರ್‌ಮ್ಯಾನ್ ರಾಜಕುಮಾರ ಅಲ್ಲಪ್ಪ. ಅವನ ತಂದೆ ಜಾರ್-ಎಲ್ ಕ್ರಿಪ್ಟಾನ್ ಗ್ರಹದ ವಿಜ್ಞಾನಿ. ನೀವು ಕೇಳುವಂಥವನು ಬೇಕೆಂದರೆ ನಾನು ಮೊದಲು ಹೇಳುವ ಹೆಸರು ಗ್ಯಾವಿನ್, ಸ್ಟಾರ್‌ಮ್ಯಾನ್‌ಗಳಲ್ಲಿ ಒಬ್ಬ. ಸ್ಟಾರ್‌ಮ್ಯಾನ್ ಎಂಬ ಹೆಸರು ಹೊತ್ತವರು ಡಿಸಿ ಕಾಮಿಕ್ಸ್‌ನಲ್ಲಿ ಹಲವರಿದ್ದಾರೆ. 1941ರಲ್ಲಿ ಬಂದ ಟೆಡ್ ನೈಟ್ ಮೊದಲಿನವನು, ಅವನು ಭೂಮಿಯ ಮನುಷ್ಯ. ಅವನು ಹುಟ್ಟಿದ ಅದೇ 'ಅಡ್ವೆಂಚರ್ ಕಾಮಿಕ್ಸ್' ಪತ್ರಿಕೆಯ 467ನೇ ಸಂಚಿಕೆಯಲ್ಲಿ, 1980ರ ಜನವರಿಯಲ್ಲಿ, ಗ್ಯಾವಿನ್ ಕಾಣಿಸಿಕೊಂಡ. ಕಥೆ ಪಾಲ್ ಲೆವಿಟ್ಜ್ ಅವರದು. ಚಿತ್ರ ಸ್ಟೀವ್ ಡಿಟ್ಕೋ ಅವರದು. ಸ್ಟ್ಯಾನ್ ಲೀ ಜೊತೆ ಸ್ಪೈಡರ್‌ಮ್ಯಾನ್‌ನನ್ನು ಹುಟ್ಟಿಸಿದ ಕೈ ಅದು.

ಗ್ಯಾವಿನ್ ಹುಟ್ಟಿದ್ದು ನಕ್ಷತ್ರಗಳ ನಡುವೆ ಹರಡಿಕೊಂಡ ಒಂದು ಸಾಮ್ರಾಜ್ಯದ ಅರಮನೆಯಲ್ಲಿ. ರಾಜಧಾನಿಯ ಗ್ರಹಕ್ಕೆ 'ಥ್ರೋನ್‌ವರ್ಲ್ಡ್' ಎಂದು ಹೆಸರು. ಹುಡುಗ ಮೋಜು ಮಾಡಿಕೊಂಡು, ಮೆರಿಯಾ ಎಂಬವಳನ್ನು ಪ್ರೀತಿಸಿಕೊಂಡು ಹಾಯಾಗಿದ್ದ. ಅಮ್ಮ ತೀರಿಕೊಂಡಳು, ಅಕ್ಕ ಕ್ಲ್ರಿಸ್ಸಾ ಪಟ್ಟಕ್ಕೆ ಬಂದಳು. ಆ ನಾಡಿನ ಕಾನೂನು ಒಂದೇ ಮಾತು ಹೇಳುತ್ತದೆ: ಹಿರಿಯರು ಪಟ್ಟವೇರಿದ ಮೇಲೆ ಕಿರಿಯರು ಬದುಕಿರಬಾರದು. ಇದ್ದರೆ ನಾಳೆ ಯಾರಾದರೂ ಅವರ ಹೆಸರು ಹಿಡಿದು ದಂಗೆ ಎಬ್ಬಿಸುತ್ತಾರೆ. ಹಾಗಾಗಿ ತಮ್ಮನನ್ನು ಗಾಳಿಯೇ ಇಲ್ಲದ ಬಯಲು ಆಕಾಶಕ್ಕೆ ನೂಕಿಬಿಡುತ್ತಾರೆ.

ಅವನು ಸಾಯುವುದಿಲ್ಲ. ನಿರ್ವಾತದಲ್ಲಿ ಬದುಕಬಲ್ಲ ಶಕ್ತಿ ಹುಟ್ಟಿನಿಂದಲೇ ಅವನ ಮೈಯಲ್ಲಿತ್ತು, ಅವನಿಗೇ ಅದು ಗೊತ್ತಿರಲಿಲ್ಲ. ಮಂಟಾರ್ ಎಂಬ ಗುರು ಅವನನ್ನು ಎತ್ತಿಕೊಂಡು ಹೋಗಿ, ನಕ್ಷತ್ರಗಳ ಶಕ್ತಿಯನ್ನು ಹಿಡಿದು ಬಳಸುವುದನ್ನು ಕಲಿಸುತ್ತಾನೆ. ಮೊದಲು ಒಂದು ದಂಡ, ಆಮೇಲೆ ಮುಂಗೈಗೆ ಪಟ್ಟಿ. ಇಲ್ಲಿಂದ ಮುಂದೆ ಕಥೆ ನನ್ನನ್ನು ಹಿಡಿದು ಕೂರಿಸುತ್ತದೆ. ಸತ್ತನೆಂದು ಊರೆಲ್ಲ ನಂಬಿದ ರಾಜಕುಮಾರ, ಮುಖ ಮುಚ್ಚಿಕೊಂಡು, ತನ್ನನ್ನು ಕೊಲ್ಲಲು ಹೇಳಿದ ರಾಜ್ಯವನ್ನೇ ಕಾಯಲು ವಾಪಸು ಬರುತ್ತಾನೆ. ಸೇಡು ತೀರಿಸಿಕೊಳ್ಳಲು ಬಂದಿದ್ದರೆ ಅದು ನೂರರ ಜೊತೆ ನೂರೊಂದನೆಯ ಕಥೆ ಆಗುತ್ತಿತ್ತು. ಮುಂದೆ ಅಕ್ಕನನ್ನು ಪಿತೂರಿಗಾರರು ಕೊಲ್ಲುತ್ತಾರೆ, ಬೇಡವೆಂದರೂ ಸಿಂಹಾಸನ ಇವನ ತಲೆಗೇ ಬರುತ್ತದೆ.

ಇಷ್ಟೆಲ್ಲ ನಡೆದದ್ದು ಒಂದೇ ವರ್ಷದಲ್ಲಿ. 1980ರ ಡಿಸೆಂಬರಿನ 478ನೇ ಸಂಚಿಕೆಗೆ ಧಾರಾವಾಹಿ ನಿಂತುಹೋಯಿತು. ಅದಕ್ಕೆ ಇಡೀ ಪುಸ್ತಕವೂ ಸಿಕ್ಕಿರಲಿಲ್ಲ. ಪ್ಲಾಸ್ಟಿಕ್ ಮ್ಯಾನ್ ಜೊತೆ, ಕೊನೆಕೊನೆಗೆ ಅಕ್ವಾಮ್ಯಾನ್ ಜೊತೆಗೂ ಪುಟ ಹಂಚಿಕೊಳ್ಳಬೇಕಾಗಿತ್ತು. ಇಂಥ ಕಥೆಗೆ ಹೀಗಾಗಬಾರದಿತ್ತು ಎಂದು ನನಗೆ ಇವತ್ತಿಗೂ ಸಂಕಟ.

ನಿಮ್ಮ ಹಾಸ್ಟೆಲಿನ ಗೆಳೆಯನಿಗೆ ಇನ್ನೊಂದು ಮಾತು ಹೇಳಿ. ಅದೇ 1980ರಲ್ಲಿ ಅದೇ ಕಂಪನಿಯಿಂದ ಸ್ಟಾರ್‌ಫೈರ್ ಬಂದಳು, ಟಮರಾನ್ ಗ್ರಹದ ರಾಜಕುಮಾರಿ. ಅಲ್ಲಿ ಹಾರಲಾರದ ಅಕ್ಕನಿಗೆ ಪಟ್ಟ ತಪ್ಪಿ ತಂಗಿಗೆ ಬರುತ್ತದೆ, ಅಕ್ಕ ನಾಡನ್ನೇ ಶತ್ರುವಿಗೆ ಒಪ್ಪಿಸುತ್ತಾಳೆ. ಒಡಹುಟ್ಟಿದವರ ನಡುವೆ ಸಿಂಹಾಸನ ಬಂದು ಕೂತರೆ ಏನಾಗುತ್ತದೆ ಎಂಬುದನ್ನು ಎರಡು ಕಥೆಗಳೂ ಎರಡು ಕಡೆಯಿಂದ ಹಿಡಿದು ನೋಡಿವೆ.

ತಮ್ಮನನ್ನು ಕೊಲ್ಲುವ ಕಾನೂನು ಬರೀ ಕಲ್ಪನೆಯೇ? ಭೂಮಿಯ ಮೇಲೆ ಎಲ್ಲಾದರೂ ಇತ್ತೇ?
— ಪ್ರೌಢಶಾಲಾ ಶಿಕ್ಷಕಿ, ಶ್ರೀರಂಗಪಟ್ಟಣ (ಹೋದ ತಿಂಗಳು ಇದೇ ಅಂಕಣದಲ್ಲಿ ಗ್ಯಾವಿನ್ ಬಗ್ಗೆ ನಾನು ಬರೆದಿದ್ದ ಎರಡು ಸಾಲು ನೋಡಿ ಕೇಳಿದ್ದಾರೆ.)

ಇತ್ತು ಮೇಡಂ. ಆಟೊಮನ್ ತುರ್ಕರಲ್ಲಿ. 1453ರಲ್ಲಿ ಕಾನ್‌ಸ್ಟಾಂಟಿನೋಪಲ್ ಗೆದ್ದ ಎರಡನೇ ಮೆಹಮದ್ ಹೆಸರಿನ ಕಾನೂನಿನಲ್ಲೇ, ಪಟ್ಟಕ್ಕೆ ಬಂದವನು ಲೋಕದ ಶಾಂತಿಗಾಗಿ ಸೋದರರನ್ನು ಕೊಲ್ಲಬಹುದು ಎಂದಿದೆ. 1595ರಲ್ಲಿ ಮೂರನೇ ಮೆಹಮದ್ ಸುಲ್ತಾನನಾದಾಗ ಅವನ 19 ಜನ ಸೋದರರನ್ನು ಕೊಲ್ಲಿಸಲಾಯಿತು, ಅವರಲ್ಲಿ ಎಳೆಯ ಮಕ್ಕಳೂ ಇದ್ದರು. 1603ರಲ್ಲಿ ಬಂದ ಮೊದಲನೇ ಅಹಮದ್ ತಮ್ಮ ಮುಸ್ತಫಾನನ್ನು ಉಳಿಸಿದ. ಆಮೇಲೆ ಕೊಲ್ಲುವ ಬದಲು ಅರಮನೆಯೊಳಗೇ ಕೂಡಿಹಾಕುವ ಪದ್ಧತಿ ಬೆಳೆಯಿತು. ಓದುವಾಗ ಹೊಟ್ಟೆ ತೊಳಸುತ್ತದೆ.

ನಮ್ಮ ಮೈಸೂರಿನ ಕಥೆಯ ಪಕ್ಕದಲ್ಲಿ ಇದನ್ನಿಟ್ಟು ನೋಡಿ. ಅಲ್ಲಿ ವಾರಸುದಾರರು ಹೆಚ್ಚಾದದ್ದೇ ಭಯ. ಇಲ್ಲಿ ಅಲಮೇಲಮ್ಮನ ಶಾಪವೆಂದು ಮನೆಮನೆಯಲ್ಲೂ ಹೇಳುವ ಮಾತು: ತಲಕಾಡು ಮರಳಾಗಲಿ, ಮಾಲಂಗಿ ಮಡುವಾಗಲಿ, ಮೈಸೂರು ದೊರೆಗಳಿಗೆ ಮಕ್ಕಳಿಲ್ಲದೆ ಹೋಗಲಿ. 1868ರಲ್ಲಿ ಮುಮ್ಮಡಿ ಕೃಷ್ಣರಾಜ ಒಡೆಯರು ತೀರಿಕೊಂಡಾಗ ಅವರ ಹಿಂದೆ ಇದ್ದವರು ದತ್ತುಪುತ್ರ ಚಾಮರಾಜೇಂದ್ರ ಒಡೆಯರು. ಬ್ರಿಟಿಷರು ಆಡಳಿತ ವಾಪಸು ಕೊಟ್ಟದ್ದು 1881ರಲ್ಲಿ. ನಾನು ಚಿತ್ರ ಕಲಿತ ಶಾಲೆಗೆ ಈ ಚಾಮರಾಜೇಂದ್ರರದೇ ಹೆಸರು. ಮಕ್ಕಳನ್ನು ಹುಡುಕಿ ತಂದು ಕೂರಿಸಿದ ಸಿಂಹಾಸನದ ಊರಲ್ಲಿ ಬೆಳೆದವನು ನಾನು. ಮಕ್ಕಳನ್ನು ಕೊಂದು ಕೂರುವ ಸಿಂಹಾಸನದ ಕಥೆ ಅದಕ್ಕೇ ನನಗೆ ಇನ್ನಷ್ಟು ನಾಟಿತೋ ಏನೋ.

ಮಕ್ಕಳಿಗೆ ತರಗತಿಯಲ್ಲಿ ಹೇಳುವುದಾದರೆ ಭರತ-ಬಾಹುಬಲಿಯನ್ನೂ ಜೊತೆಗೆ ತನ್ನಿ. 941ರ ಪಂಪನ 'ಆದಿಪುರಾಣ'ದಲ್ಲಿ ಅಣ್ಣ ತಮ್ಮಂದಿರು ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ ಮಾಡುತ್ತಾರೆ. ಗೆದ್ದ ತಮ್ಮನೇ ರಾಜ್ಯವನ್ನು ಅಣ್ಣನಿಗೆ ಬಿಟ್ಟು ತಪಸ್ಸಿಗೆ ನಿಲ್ಲುತ್ತಾನೆ. ಗ್ಯಾವಿನ್‌ಗೆ ಬಿಟ್ಟುಕೊಡುವ ಅವಕಾಶವನ್ನೇ ಆ ಕಾನೂನು ಕೊಡಲಿಲ್ಲ. 'ನನಗೆ ಪಟ್ಟ ಬೇಡ' ಎನ್ನುವವನನ್ನೂ ನಂಬದ ರಾಜ್ಯ ಎಂಥದು? ನಿಮ್ಮ ಒಂಬತ್ತನೇ ತರಗತಿಯ ಮಕ್ಕಳು ಇದರ ಮೇಲೆ ಒಂದು ಪೀರಿಯಡ್ ಪೂರ್ತಿ ಮಾತಾಡುತ್ತಾರೆ, ನೋಡಿ. ಗೊಮ್ಮಟಗಿರಿಗೆ ಒಂದು ದಿನ ಕರೆದುಕೊಂಡು ಹೋದರೆ ಇನ್ನೂ ಒಳ್ಳೆಯದು.

ನನ್ನ ಮಗ ನೋಟ್‌ಬುಕ್ ತುಂಬ ಒಬ್ಬ ಹಸಿರು ಹುಡುಗನನ್ನೇ ಬರೆಯುತ್ತಾನೆ. ಹಲ್ಕ್ ಅಲ್ಲವಂತೆ, 'ಇವನು ರಾಜಕುಮಾರ' ಅನ್ನುತ್ತಾನೆ. ಯಾರಿವನು?
— ತಾಯಿ, ಮದ್ದೂರು

ಹಲ್ಕ್ಲಿಂಗ್. ಮಾರ್ವೆಲ್‌ನ 'ಯಂಗ್ ಅವೆಂಜರ್ಸ್' ಮೊದಲ ಸಂಚಿಕೆಯಲ್ಲಿ, 2005ರಲ್ಲಿ ಬಂದವನು. ಅಲನ್ ಹೈನ್‌ಬರ್ಗ್ ಕಥೆ, ಜಿಮ್ ಚ್ಯೂಂಗ್ ಚಿತ್ರ. ತಂದೆ ಕ್ರೀ ಕುಲದ ಯೋಧ ಕ್ಯಾಪ್ಟನ್ ಮಾರ್-ವೆಲ್, ತಾಯಿ ಸ್ಕ್ರಲ್ ಕುಲದ ರಾಜಕುಮಾರಿ ಅನೆಲ್. ಎರಡೂ ಅನ್ಯಗ್ರಹದ ಕುಲಗಳು, ಅವುಗಳ ನಡುವೆ ಹಳೆಯ ಯುದ್ಧ. ಮಗು ಉಳಿದರೆ ತನ್ನಪ್ಪ, ಅಂದರೆ ಸ್ಕ್ರಲ್ ಚಕ್ರವರ್ತಿ, ಕೊಲ್ಲಿಸಿಬಿಡುತ್ತಾನೆ ಎಂದು ಹೆದರಿ ಅನೆಲ್ ಅದನ್ನು ದಾದಿಯ ಕೈಗಿಟ್ಟು ಭೂಮಿಗೆ ಕಳಿಸುತ್ತಾಳೆ. ಕಂಸನ ಕಥೆ ಕೇಳಿ ಬೆಳೆದ ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ನ್ಯೂಯಾರ್ಕಿನಲ್ಲಿ ಟೆಡ್ಡಿ ಎಂಬ ಹೆಸರಲ್ಲಿ, ದಾದಿಯೇ ಅಮ್ಮ ಎಂದುಕೊಂಡು ಬೆಳೆಯುತ್ತಾನೆ. 2020ರಲ್ಲಿ ಎರಡೂ ಕುಲಗಳು ಅವನನ್ನೇ ಚಕ್ರವರ್ತಿ ಎಂದು ಒಪ್ಪುತ್ತವೆ. ಅವನು ಪ್ರೀತಿಸಿ ಮದುವೆಯಾಗುವುದು ವಿಕನ್ ಎಂಬ ಹುಡುಗನನ್ನು. ಬಹಳ ಮೃದುವಾಗಿ, ಗೌರವದಿಂದ ಬರೆದ ಪ್ರೀತಿ ಅದು. ಮಗ ಕೇಳಿದರೆ ನೇರವಾಗಿ ಹೇಳಿ, ಮುಚ್ಚಿಡಬೇಡಿ.

ಅವನು ರೂಪ ಬದಲಿಸಬಲ್ಲವನು. ಹಾಗಾಗಿ ಬರೆಯುವ ಮಕ್ಕಳಿಗೆ ಅವನು ಹಬ್ಬ. ನೋಟ್‌ಬುಕ್ ಕಸಿದುಕೊಳ್ಳಬೇಡಿ ತಾಯೀ. ರೂಲ್ ಇಲ್ಲದ್ದನ್ನು ಕೊಡಿಸಿ.

ಗ್ಯಾವಿನ್ ಕೊನೆಗೆ ಏನಾದ?
— ಬ್ಯಾಂಕ್ ಉದ್ಯೋಗಿ, ಕುವೆಂಪುನಗರ

1981ರಲ್ಲಿ 'ಡಿಸಿ ಕಾಮಿಕ್ಸ್ ಪ್ರೆಸೆಂಟ್ಸ್' 36ನೇ ಸಂಚಿಕೆಯಲ್ಲಿ ಸೂಪರ್‌ಮ್ಯಾನ್ ಜೊತೆ ಸೇರಿ ಮೋಂಗುಲ್ ಎಂಬ ಖಳನನ್ನು ಎದುರಿಸಿದ. 'ಕ್ರೈಸಿಸ್ ಆನ್ ಇನ್ಫಿನಿಟ್ ಅರ್ಥ್ಸ್' ಮಾಲೆಯ ಹತ್ತನೇ ಸಂಚಿಕೆಯಲ್ಲಿ, ಎಲ್ಲವನ್ನೂ ನುಂಗುತ್ತಾ ಬರುವ ಪ್ರತಿದ್ರವ್ಯದ ಅಲೆಯನ್ನು ತಡೆಯಲು ಹೋಗಿ ಸತ್ತ. ಮುಂದೆ ಜೇಮ್ಸ್ ರಾಬಿನ್‌ಸನ್ ತಮ್ಮ 'ಸ್ಟಾರ್‌ಮ್ಯಾನ್' ಮಾಲೆಯಲ್ಲಿ ಅವನನ್ನು ವಿಲ್ ಪೇಟನ್ ಎಂಬ ಇನ್ನೊಬ್ಬ ಸ್ಟಾರ್‌ಮ್ಯಾನ್ ಜೊತೆ ಬೆಸೆದರು. ಅದು ಜಾಣ ಬರವಣಿಗೆ, ಪ್ರೀತಿಯೂ ಇದೆ. ಆದರೂ ನನಗೆ 1980ರ ಆ ಪುಟಗಳೇ ಸಾಕು. ಅವನ್ನು 'ಸ್ಟೀವ್ ಡಿಟ್ಕೋ ಆಮ್ನಿಬಸ್' ಸಂಕಲನದಲ್ಲಿ ಹುಡುಕಿ.

ನನ್ನದೇ ಒಬ್ಬ ಅನ್ಯಗ್ರಹದ ರಾಜಕುಮಾರನನ್ನು ಬರೆಯುತ್ತಿದ್ದೇನೆ. ಕಿರೀಟ, ಕವಚ, ಕಣ್ಣಲ್ಲಿ ಬೆಳಕು ಎಲ್ಲ ಹಾಕಿದೆ. ಆದರೂ ರಾಜಕುಮಾರನಂತೆ ಕಾಣುವುದಿಲ್ಲ. ಏನು ತಪ್ಪಿದೆ?
— ಚಿತ್ರಕಲಾ ವಿದ್ಯಾರ್ಥಿನಿ, ಮೈಸೂರು

ನೀನು ಕಳಿಸಿದ ಚಿತ್ರ ನೋಡಿದೆ ಮಗು. ಗೆರೆ ಚೆನ್ನಾಗಿದೆ. ಆದರೆ ಅವನು ಒಬ್ಬನೇ ನಿಂತಿದ್ದಾನೆ. ಸುತ್ತ ಯಾರೂ ಇಲ್ಲದವನು ಬರೀ ವೇಷ ಹಾಕಿದ ಹುಡುಗ. ಬಾಗುವ ಬೆನ್ನು, ಕೊಡೆ ಹಿಡಿದ ಕೈ, ಹೆದರಿ ಪಕ್ಕಕ್ಕೆ ಸರಿದ ಮಂತ್ರಿ, ಇವರು ರಾಜಕುಮಾರನನ್ನು ಮಾಡುವವರು.

ಅರಮನೆಗೆ ಹೋಗು. ಕಲ್ಯಾಣ ಮಂಟಪದ ಗೋಡೆಯ ಮೇಲಿನ ದಸರಾ ಮೆರವಣಿಗೆಯ ಚಿತ್ರಗಳ ಮುಂದೆ ಸ್ಕೆಚ್ ಪುಸ್ತಕ ಹಿಡಿದು ನಿಲ್ಲು. ಮಹಾರಾಜರನ್ನು ಬರೆಯಬೇಡ. ಆನೆಯ ಪಕ್ಕ ನಡೆಯುವವರನ್ನು, ಕುದುರೆಯ ಲಗಾಮು ಹಿಡಿದವರನ್ನು, ನೋಡಲು ನಿಂತ ಜನರನ್ನು ಬರೆ. ಯಾರ ಕತ್ತು ಎಷ್ಟು ಬಾಗಿದೆ, ಯಾರ ಕಣ್ಣು ಎತ್ತ ನೋಡುತ್ತಿದೆ, ಅದನ್ನು ಗುರುತು ಹಾಕಿಕೋ. ಆಮೇಲೆ ಆ ನಿಲುವುಗಳನ್ನೇ ನಿನ್ನ ಗ್ರಹದ ಜನಕ್ಕೆ ಕೊಡು. ಅವರ ಮೈಬಣ್ಣ ನೀಲಿಯಿರಲಿ, ನಾಲ್ಕು ಕೈಯಿರಲಿ, ನಡೆಯುತ್ತದೆ.

ಎರಡನೆಯದು ಕೈ. ಡಿಟ್ಕೋ ಬರೆದ ಬೆರಳುಗಳನ್ನು ಗಮನಿಸು. ಮುಖ ಮುಚ್ಚಿಕೊಂಡ ಪಾತ್ರಗಳಿಗೆ ಅವರು ಮಾತನ್ನೆಲ್ಲ ಬೆರಳಿನಲ್ಲೇ ಇಟ್ಟರು. ಭರತನಾಟ್ಯದವರ ಹಸ್ತದಂತೆ ಒಂದೊಂದು ಬೆರಳೂ ಒಂದೊಂದು ಕಡೆ ತಿರುಗಿ ಅರ್ಥ ಹೇಳುತ್ತದೆ. ನಿನ್ನ ರಾಜಕುಮಾರ ಎರಡೂ ಮುಷ್ಟಿ ಬಿಗಿದು ನಿಂತಿದ್ದಾನೆ. ಒಂದನ್ನಾದರೂ ಬಿಡಿಸು.

ಮೂರನೆಯದು ಅವನ ಮನೆಯ ಕಾನೂನು. ಅವನು ರಾಜಕುಮಾರನಾಗಿರುವುದಕ್ಕೆ ಅವನ ನಾಡು ಅವನಿಂದ ಏನನ್ನು ಕಿತ್ತುಕೊಳ್ಳುತ್ತದೆ? ಗ್ಯಾವಿನ್‌ನಿಂದ ಪ್ರಾಣ ಕೇಳಿತು, ಹಲ್ಕ್ಲಿಂಗ್‌ನಿಂದ ಅಮ್ಮನನ್ನು ಕಿತ್ತುಕೊಂಡಿತು. ನಿನ್ನವನಿಂದ ಏನು? ಅದನ್ನು ಒಂದೇ ಸಾಲಿನಲ್ಲಿ ಕಾಗದದ ಹಿಂದೆ ಬರೆದಿಟ್ಟುಕೊಂಡು ಆಮೇಲೆ ಪೆನ್ಸಿಲ್ ಹಿಡಿ. ಬೆಳಕು ಬರುವ ಕಣ್ಣನ್ನು ಸದ್ಯಕ್ಕೆ ಅಳಿಸು, ಅದು ಏನೂ ಹೇಳುತ್ತಿಲ್ಲ.

ಮೊದಲ ಪುಟ ಮುಗಿದ ಮೇಲೆ ಇಂಕ್ ಹಾಕುವ ಮುಂಚೆ ನನಗೆ ಕಳಿಸು. ತಪ್ಪಿದ ಗೆರೆಗಳನ್ನು ರಬ್ಬರ್‌ನಲ್ಲಿ ಉಜ್ಜಬೇಡ, ನನಗೆ ಅವೂ ಬೇಕು.