ಇಪ್ಪತ್ತಾರು ವರ್ಷ ಎಸೆದ ತೋಳಿನ ಪರವಾಗಿ

ಮಾನ್ಯರೆ,

ನ್ಯೂಜೆರ್ಸಿಯ ಮಗನ ಮನೆಯಿಂದ ನೀವು ಬರೆದ ಪತ್ರ ತಲುಪಿದೆ. ಬೇಸ್‌ಬಾಲ್ ಪಿಚರ್ (ಬ್ಯಾಟರ್‌ಗೆ ಚೆಂಡು ಎಸೆಯುವವರು) ಟಾಮಿ ಜಾನ್ ಅವರ ವೃತ್ತಿಜೀವನದ ಬಗ್ಗೆ ಕಳೆದ ಸಂಚಿಕೆಯಲ್ಲಿ ನಾವು ಪ್ರಕಟಿಸಿದ ಲೇಖನ ನಿಮಗೆ ಹಿಡಿಸಿಲ್ಲ. ಒಂದು ಶಸ್ತ್ರಚಿಕಿತ್ಸೆಗೆ ಅವರ ಹೆಸರು ಅಂಟಿಕೊಂಡದ್ದು ಬಿಟ್ಟರೆ ಅವರಲ್ಲಿ ಅಸಾಧಾರಣವಾದದ್ದು ಏನೂ ಇರಲಿಲ್ಲವೆಂದೂ, ಅವರು ಆಡಿದ ಡಾಜರ್ಸ್ ತಂಡದಲ್ಲೇ ಅವರಿಗಿಂತ ಮೊದಲು ಆಡಿದ ಪಿಚರ್ ಸ್ಯಾಂಡಿ ಕೋಫ್ಯಾಕ್ಸ್ ಅವರಂಥ ಪ್ರತಿಭಾವಂತರಿಗೆ ಎರಡು ಸಾಲು ಕೊಟ್ಟು ಇವರಿಗೆ ಪುಟಗಟ್ಟಲೆ ಕೊಟ್ಟದ್ದು ಅನ್ಯಾಯವೆಂದೂ, ಬಹುಕಾಲ ಆಡುವುದು ತಾಳಿಕೆಯೇ ಹೊರತು ಸಾಧನೆಯಲ್ಲವೆಂದೂ ಬರೆದಿದ್ದೀರಿ. ಕೊನೆಯಲ್ಲಿ, ಹನ್ನೊಂದು ವರ್ಷದ ನಿಮ್ಮ ಮೊಮ್ಮಗ ಎರಡು ತಂಡಗಳಿಗೆ ಪಿಚರ್ ಆಗಿರುವುದನ್ನೂ, ಮೊಣಕೈ ನೊಂದರೂ ಯಾರಿಗೂ ಹೇಳದೆ ಎಸೆಯುವ ಅವನ ಛಲವನ್ನೂ ಹೆಮ್ಮೆಯಿಂದ ತಿಳಿಸಿದ್ದೀರಿ. ಈ ಉತ್ತರ ಇಷ್ಟು ದೀರ್ಘವಾಗುವುದಕ್ಕೆ ಆ ಕೊನೆಯ ಸಾಲುಗಳೇ ಮುಖ್ಯ ಕಾರಣ.

ಕೋಫ್ಯಾಕ್ಸ್ ಅವರ ಹಿರಿಮೆಯ ಬಗ್ಗೆ ನನ್ನ ತಕರಾರಿಲ್ಲ. 1962ರಿಂದ 1965ರವರೆಗೆ ವರ್ಷಕ್ಕೊಂದರಂತೆ ನಾಲ್ಕು ಪಂದ್ಯಗಳಲ್ಲಿ ಅವರು ಎದುರಾಳಿಗೆ ಒಂದೇ ಒಂದು ಹಿಟ್ (ಚೆಂಡು ಹೊಡೆದು ಬ್ಯಾಟರ್ ಬೇಸ್ ತಲುಪುವುದು) ಕೂಡ ಬಿಟ್ಟುಕೊಡಲಿಲ್ಲ. ನಾಲ್ಕನೆಯದರಲ್ಲಂತೂ ಬ್ಯಾಟಿಂಗ್‌ಗೆ ಬಂದ 27 ಬ್ಯಾಟರ್‌ಗಳಲ್ಲಿ ಒಬ್ಬರೂ ಮೊದಲ ಬೇಸ್ ತಲುಪಲಿಲ್ಲ. 36ನೆಯ ವಯಸ್ಸಿಗೇ ಹಾಲ್ ಆಫ್ ಫೇಮ್ (ಆಟದ ಶ್ರೇಷ್ಠರ ಗೌರವಪಟ್ಟಿ) ಸೇರಿದ ಗೌರವ ಅವರಿಗೆ ನ್ಯಾಯವಾಗಿ ಸಲ್ಲಬೇಕಾದದ್ದು.

ಆದರೆ ನೀವು ಮೆಚ್ಚುವ ಕೋಫ್ಯಾಕ್ಸ್ ಹುಟ್ಟುತ್ತಲೇ ಹಾಗಿದ್ದವರಲ್ಲ ಎಂಬುದನ್ನು ನಿಮ್ಮ ಪತ್ರ ಮರೆತಿದೆ. 1955ರಲ್ಲಿ, ಡಾಜರ್ಸ್ ಆಗ ಬ್ರೂಕ್ಲಿನ್‌ನಲ್ಲಿದ್ದಾಗ, ತಂಡಕ್ಕೆ ಸೇರಿದ ಅವರ ಮೊದಲ ಆರು ವರ್ಷಗಳ ಲೆಕ್ಕ (ಬೇಸ್‌ಬಾಲ್‌ನಲ್ಲಿ ತಂಡದ ಗೆಲುವು-ಸೋಲನ್ನು ಒಬ್ಬ ಪಿಚರ್ ಹೆಸರಿಗೂ ಬರೆಯುತ್ತಾರೆ) 36 ಗೆಲುವು, 40 ಸೋಲು. ಚೆಂಡಿಗೆ ಬಿರುಸಿತ್ತು, ಗುರಿ ಇರಲಿಲ್ಲ. 1961ರ ವಸಂತಕಾಲದ ಅಭ್ಯಾಸ ಪಂದ್ಯವೊಂದರಲ್ಲಿ ಕ್ಯಾಚರ್ ನಾರ್ಮ್ ಶೆರಿ, ಅಷ್ಟು ಬಲ ಹಾಕಿ ಎಸೆಯಬೇಡ, ಸ್ವಲ್ಪ ಸಡಿಲ ಬಿಡು ಎಂದು ಬುದ್ಧಿ ಹೇಳಿದ ಮೇಲೆ, ಆ ವರ್ಷ 18 ಗೆಲುವು ಬಂತು. ವೇಗದ ಆರಾಧ್ಯದೈವವೆಂದು ನೀವು ಕೊಂಡಾಡುವವರ ಏಳಿಗೆ, ವೇಗವನ್ನು ಕೊಂಚ ಬಿಟ್ಟುಕೊಟ್ಟಲ್ಲಿಂದ ಆರಂಭವಾಯಿತು. ಮುಗಿದದ್ದು ಹೇಗೆಂಬುದೂ ನಿಮಗೆ ತಿಳಿದಿರಬೇಕು. ಎಡ ಮೊಣಕೈಗೆ ಸಂಧಿವಾತ ಹಿಡಿದು, ಕಾರ್ಟಿಸೋನ್ ಚುಚ್ಚುಮದ್ದು, ಉರಿ ಹತ್ತಿಸುವ ಮುಲಾಮು, ಪಂದ್ಯ ಮುಗಿದೊಡನೆ ಐಸಿನಲ್ಲಿ ತೋಳು ಅದ್ದಿ ಕೂರುವುದು, ಇವುಗಳ ಆಸರೆಯಲ್ಲಿ 1966ರಲ್ಲಿ 27 ಪಂದ್ಯಗಳನ್ನು ಗೆದ್ದು, ಆ ನವೆಂಬರ್‌ನಲ್ಲಿ, ಇನ್ನೂ ಮೂವತ್ತು ವರ್ಷದವರಿರುವಾಗಲೇ, ಉಳಿದ ಬದುಕಿಗೆ ಈ ಕೈ ಬೇಕು ಎಂಬ ಕಾರಣಕ್ಕೆ ಅವರು ಆಟ ಬಿಟ್ಟರು. ಅದು ವಿವೇಕದ ನಿರ್ಧಾರ. ಆದರೆ ಅದನ್ನು ವೃತ್ತಿಜೀವನದ ಆದರ್ಶವೆಂದು ಹೊಗಳುವವರು, ಒಂದು ತೋಳು ಹಾಳಾದುದನ್ನೇ ಹೊಗಳುತ್ತಿದ್ದಾರೆಂದು ನನಗೆ ಅನ್ನಿಸುತ್ತದೆ.

ಈಗ ಟಾಮಿ ಜಾನ್. ಇಂಡಿಯಾನಾದ ಟೆರೆ ಹೋಟ್‌ನಲ್ಲಿ 1943ರಲ್ಲಿ ಹುಟ್ಟಿದ ಈ ಎಡಗೈ ಪಿಚರ್ 1963ರಲ್ಲಿ ಕ್ಲೀವ್‌ಲ್ಯಾಂಡ್ ತಂಡದ ಪರ ಮೊದಲ ಬಾರಿ ಕಣಕ್ಕಿಳಿದರು. ಅವರ ಮುಖ್ಯ ಅಸ್ತ್ರ ಸಿಂಕರ್. ಆ ಚೆಂಡು ಬ್ಯಾಟರ್ ಬಳಿಗೆ ಬರುವ ಹೊತ್ತಿಗೆ ಕೆಳಕ್ಕೆ ಕುಸಿಯುತ್ತದೆ, ಬ್ಯಾಟು ಅದರ ಮೇಲ್ಭಾಗಕ್ಕೆ ತಾಗುತ್ತದೆ, ಚೆಂಡು ನೆಲದ ಮೇಲೆ ಉರುಳಿ ಫೀಲ್ಡರ್ ಕೈ ಸೇರುತ್ತದೆ. ನೋಡುವವರ ಎದೆ ಝಲ್ಲೆನ್ನಿಸುವಂಥದ್ದು ಇದರಲ್ಲಿ ಏನೂ ಇಲ್ಲ. ಕೋಫ್ಯಾಕ್ಸ್ 2,324 ಇನ್ನಿಂಗ್ಸ್ ಎಸೆದು 2,396 ಸ್ಟ್ರೈಕ್‌ಔಟ್ (ಫೀಲ್ಡರ್ ನೆರವಿಲ್ಲದೆ ಎಸೆತದಿಂದಲೇ ಬ್ಯಾಟರ್‌ನನ್ನು ಔಟ್ ಮಾಡುವುದು) ಪಡೆದರು. ಜಾನ್ ಅದರ ಇಮ್ಮಡಿಗಿಂತ ಹೆಚ್ಚು, 4,710 ಇನ್ನಿಂಗ್ಸ್ ಎಸೆದೂ ಪಡೆದದ್ದು 2,245. ನೀವು ಈ ಅಂಕಿಗಳನ್ನು ಜಾನ್ ಅವರ ವಿರುದ್ಧ ಬಳಸಿದ್ದೀರಿ. ನಾನು ಅವುಗಳನ್ನೇ ಅವರ ಪರವಾಗಿ ಓದುತ್ತೇನೆ. ಬ್ಯಾಟರ್‌ನನ್ನು ಬೆಚ್ಚಿಬೀಳಿಸದೆ, ತನ್ನ ಬೆನ್ನ ಹಿಂದೆ ನಿಂತ ಫೀಲ್ಡರ್‌ಗಳನ್ನು ನಂಬಿ, ಬ್ಯಾಟರ್ ತಾನಾಗಿಯೇ ತಪ್ಪು ಹೊಡೆತ ಹೊಡೆಯುವಂತೆ ಚೆಂಡು ಇಡುವುದಕ್ಕೆ ಬೇಕಾದ ಬುದ್ಧಿ ಕಡಿಮೆಯದೇ?

1974ರ ಜುಲೈ 17ರಂದು, 13 ಗೆದ್ದು 3 ಮಾತ್ರ ಸೋತಿದ್ದ ಹೊತ್ತಿನಲ್ಲಿ, ಮಾಂಟ್ರಿಯಲ್ ತಂಡದ ವಿರುದ್ಧ ಎಸೆಯುತ್ತಿದ್ದಾಗ ಅವರ ಎಡ ಮೊಣಕೈಯ ಒಳಬದಿಯ ಲಿಗಮೆಂಟ್ (ಮೂಳೆಗಳನ್ನು ಬಿಗಿದಿಡುವ ಪಟ್ಟಿ) ಹರಿಯಿತು. ಕ್ರಿಕೆಟ್ ಬೌಲರ್ ತೋಳನ್ನು ನೇರವಾಗಿ ತಿರುಗಿಸುವುದರಿಂದ ಅವನ ಭಾರವೆಲ್ಲ ಬೆನ್ನಿಗೂ ಭುಜಕ್ಕೂ ಬೀಳುತ್ತದೆ. ಪಿಚರ್ ಮೊಣಕೈ ಮಡಿಸಿ ಚಾಟಿಯಂತೆ ಬೀಸುವುದರಿಂದ ಆ ಸಣ್ಣ ಪಟ್ಟಿಯ ಮೇಲೆ ಭಾರೀ ಸೆಳೆತ. ಅಲ್ಲಿಯವರೆಗೆ ಅದು ಹರಿದರೆ ಪಿಚರನ ಕಸುಬು ಮುಗಿದಂತೆಯೇ. ಡಾಜರ್ಸ್ ತಂಡದ ವೈದ್ಯ ಫ್ರಾಂಕ್ ಜೋಬ್, ಜಾನ್ ಅವರ ಬಲ ಮುಂಗೈಯಿಂದ, ಇಲ್ಲದಿದ್ದರೂ ನಡೆಯುವ ಒಂದು ಸ್ನಾಯುರಜ್ಜುವನ್ನು ತೆಗೆದು, ಎಡ ಮೊಣಕೈಯ ಮೂಳೆಗಳಲ್ಲಿ ರಂಧ್ರ ಕೊರೆದು, ಅದರೊಳಗೆ ಹೆಣೆದು ಬಿಗಿಯುವ ಉಪಾಯ ಸೂಚಿಸಿದರು. ಮತ್ತೆ ಎಸೆಯುವ ಸಾಧ್ಯತೆ ನೂರಕ್ಕೆ ಒಂದು ಎಂದೂ ಮುಚ್ಚುಮರೆಯಿಲ್ಲದೆ ಹೇಳಿದರು. ಜಾನ್ ಒಪ್ಪಿದರು. ಸೆಪ್ಟೆಂಬರ್ 25ರಂದು ಶಸ್ತ್ರಚಿಕಿತ್ಸೆ ಆಯಿತು. ನರಕ್ಕೆ ತೊಂದರೆಯಾಗಿ ಕೈ ಉಗುರುಪಂಜದಂತೆ ಮುದುಡಿದ್ದರಿಂದ ಡಿಸೆಂಬರ್‌ನಲ್ಲಿ ಮತ್ತೊಮ್ಮೆ ಕೊಯ್ಯಬೇಕಾಯಿತು.

1975ರ ಇಡೀ ವರ್ಷ ಅವರು ಆಡಲಿಲ್ಲ. ಶರೀರದ ಚಲನೆಯ ಶಾಸ್ತ್ರವನ್ನು ಅಭ್ಯಾಸ ಮಾಡುತ್ತಿದ್ದ ಸಹ ಆಟಗಾರ ಮೈಕ್ ಮಾರ್ಷಲ್ ಅವರಿಂದ, ಕಾಲು ತಿರುಚದೆ ನೇರವಾಗಿ ಬ್ಯಾಟರ್ ಕಡೆಗೆ ಹೆಜ್ಜೆಯಿಡುವ ಕ್ರಮವನ್ನು ಕಲಿತರು. ಹನ್ನೆರಡು ಋತು ಆಡಿ ಮುಗಿಸಿದ್ದ, ಮೂವತ್ತೆರಡು ವರ್ಷದ ವೃತ್ತಿಪರ ಆಟಗಾರ ಎಳೆಯ ಹುಡುಗನ ಹಾಗೆ ಮೊದಲಿನಿಂದ ಹೆಜ್ಜೆ ಕಲಿಯುತ್ತಾನೆ ಎಂಬುದನ್ನು ನೀವು ತರಗತಿಯಲ್ಲಿ ಪಾಠ ಹೇಳಿದವರಾಗಿ ನನಗಿಂತ ಚೆನ್ನಾಗಿ ಬೆಲೆ ಕಟ್ಟಬಲ್ಲಿರಿ. 1976ರಲ್ಲಿ ಮರಳಿ ಹತ್ತು ಗೆದ್ದರು, 1977ರಲ್ಲಿ ಇಪ್ಪತ್ತು, ಯಾಂಕೀಸ್ ತಂಡಕ್ಕೆ ಹೋದ ಮೇಲೆ 1979ರಲ್ಲಿ 21, 1980ರಲ್ಲಿ 22. ವರ್ಷಕ್ಕೆ ಇಪ್ಪತ್ತು ಗೆಲುವು ಮುಟ್ಟಿದ್ದು ಮೂರು ಬಾರಿ, ಮೂರೂ ಆ ಹೆಣೆದ ಮೊಣಕೈಯಿಂದ. 288 ಗೆಲುವುಗಳಲ್ಲಿ 164 ಶಸ್ತ್ರಚಿಕಿತ್ಸೆಯ ನಂತರದವು. 46ನೆಯ ವಯಸ್ಸಿನಲ್ಲಿ, 1989ರಲ್ಲಿ, ಇಪ್ಪತ್ತಾರನೆಯ ಋತುವಿನಲ್ಲಿ ಆಟ ನಿಲ್ಲಿಸಿದರು. ಇದನ್ನು ತಾಳಿಕೆ ಎಂದಷ್ಟೇ ಕರೆದು ಬದಿಗಿಡುವುದು ಹೇಗೆ ಸಾಧ್ಯ?

ಆದರೂ ಹಾಲ್ ಆಫ್ ಫೇಮ್ ಅವರನ್ನು ಒಳಗೆ ಬಿಟ್ಟಿಲ್ಲ. ಹದಿನೈದು ವರ್ಷ ಪತ್ರಕರ್ತರ ಮತಪಟ್ಟಿಯಲ್ಲಿದ್ದು, ಬೇಕಾದ ಶೇ 75ರ ಬದಲು ಕೊನೆಯ ವರ್ಷ, 2009ರಲ್ಲಿ, ಶೇ 31.7ಕ್ಕೆ ನಿಂತರು. 2024ರ ಡಿಸೆಂಬರ್‌ನಲ್ಲಿ ಹಿಂದಿನ ಕಾಲದ ಆಟಗಾರರನ್ನು ಪರಿಶೀಲಿಸಿದ ಹದಿನಾರು ಜನರ ಸಮಿತಿಯಲ್ಲಿ ಏಳು ಮತ ಬಂದವು, ಹನ್ನೆರಡು ಬೇಕಿತ್ತು. ಅದೇ ದಿನ ಆಯ್ಕೆಯಾದವರಲ್ಲೊಬ್ಬರು ಡಿಕ್ ಆಲೆನ್, 1971ರಲ್ಲಿ ಯಾರನ್ನು ಪಡೆಯುವುದಕ್ಕಾಗಿ ಶಿಕಾಗೋ ತಂಡ ಜಾನ್ ಅವರನ್ನು ಡಾಜರ್ಸ್‌ಗೆ ಬಿಟ್ಟುಕೊಟ್ಟಿತ್ತೋ ಅವರು. ಆಲೆನ್ ಅರ್ಹರು, ಅವರ ಗೌರವಕ್ಕೆ ನನ್ನ ಸಂತೋಷವಿದೆ. ಆದರೆ 300 ಗೆಲುವುಗಳನ್ನು ಹೊಸ್ತಿಲೆಂದು ನೋಡುವ ಆಟದಲ್ಲಿ ಹನ್ನೆರಡು ಕಡಿಮೆಯಾದದ್ದಕ್ಕೆ ಒಬ್ಬನನ್ನು ಹೊರಗಿಡುವಾಗ, ಒಂದೂವರೆ ಋತುವನ್ನು ಅವನು ಎಲ್ಲಿ ಕಳೆದ ಎಂದು ಮತ ಹಾಕುವವರು ಕೇಳಿಕೊಳ್ಳಬೇಕಲ್ಲವೇ? ಅವನು ಹಾಗೆ ಕಳೆದದ್ದರಿಂದಲೇ ಇಂದು ಮೇಜರ್ ಲೀಗ್ (ಅಮೆರಿಕದ ಅತ್ಯುನ್ನತ ಬೇಸ್‌ಬಾಲ್ ಲೀಗ್) ಪಿಚರ್‌ಗಳಲ್ಲಿ ಸುಮಾರು ಮೂವರಲ್ಲೊಬ್ಬರು ಅದೇ ಶಸ್ತ್ರಚಿಕಿತ್ಸೆಯ ನಂತರವೂ ಎಸೆಯುತ್ತಿದ್ದಾರೆ.

ನಮಗೂ ಈ ದೋಷವಿದೆ. ಅನಿಲ್ ಕುಂಬ್ಳೆ ಚೆಂಡು ತಿರುಗಿಸುವುದಿಲ್ಲ ಎಂಬ ದೂರು ಅವರ ವೃತ್ತಿಜೀವನದುದ್ದಕ್ಕೂ ನಮ್ಮ ಪತ್ರಿಕೆಗಳಲ್ಲಿ ಬಂತು. ಭುಜದ ಶಸ್ತ್ರಚಿಕಿತ್ಸೆಯಿಂದಾಗಿ 2001ರ ಆಸ್ಟ್ರೇಲಿಯಾ ಸರಣಿಯನ್ನು ಕಳೆದುಕೊಂಡು ಮರಳಿ ಬಂದು, 619 ಟೆಸ್ಟ್ ವಿಕೆಟ್‌ಗಳಿಗೆ ನಿಲ್ಲಿಸಿದ ಮೇಲೂ, ಕಲಾವಿದ ಎಂಬ ಮಾತನ್ನು ನಾವು ಬೇರೆಯವರಿಗೇ ಮೀಸಲಿಟ್ಟೆವು. ಕ್ರೀಡಾ ಪುಟ ಬರೆಯುವ ಕಿರಿಯರಿಗೆ ನಾನು ಹೇಳುತ್ತಲೇ ಬಂದಿದ್ದೇನೆ: ಬೌಲರ್ ಎಷ್ಟು ಕಿಲೋಮೀಟರ್ ವೇಗದಲ್ಲಿ ಎಸೆದ ಎಂದು ಶೀರ್ಷಿಕೆ ಕೊಡುವ ಮೊದಲು ಎಷ್ಟು ಓವರ್ ಎಸೆದ ಎಂದು ಬರೆಯಿರಿ.

ವೇಗದ ಅಂಕಿಯ ಹಿಂದೆ ಬಿದ್ದುದರ ಫಲ ಬೇಸ್‌ಬಾಲ್‌ನಲ್ಲಿ ಎದ್ದು ಕಾಣುತ್ತಿದೆ. ಮೇಜರ್ ಲೀಗ್‌ನಲ್ಲಿ ಫಾಸ್ಟ್‌ಬಾಲ್‌ನ ಸರಾಸರಿ ವೇಗ 2008ರಲ್ಲಿ ಗಂಟೆಗೆ 91.3 ಮೈಲಿ ಇದ್ದದ್ದು 2024ರಲ್ಲಿ 94.2ಕ್ಕೆ ಏರಿತು. ಅದೇ ವರ್ಷದ ಕೊನೆಯಲ್ಲಿ ಲೀಗ್ ತಾನೇ ಹೊರತಂದ ವರದಿ, ಪ್ರತಿ ಎಸೆತಕ್ಕೂ ಪೂರ್ಣ ಬಲ ಹಾಕುವ ಈ ಚಾಳಿಯೇ ಗಾಯಗಳು ಹೆಚ್ಚಲು ಮುಖ್ಯ ಕಾರಣವೆಂದು ಗುರುತಿಸಿತು. ಇದಕ್ಕಿಂತ ನನ್ನನ್ನು ಕಾಡುವುದು ಬೇರೊಂದು ಸಂಗತಿ. ಅಮೆರಿಕದಲ್ಲಿ 2007ರಿಂದ 2011ರವರೆಗೆ ಈ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡವರನ್ನು ಕುರಿತ ಅಧ್ಯಯನವೊಂದರಲ್ಲಿ ಅರ್ಧಕ್ಕಿಂತ ಹೆಚ್ಚು ಜನ 15ರಿಂದ 19 ವರ್ಷದವರಾಗಿದ್ದರು. ಸಂಬಳವೂ ಇಲ್ಲದ, ಕರಾರೂ ಇಲ್ಲದ ಮಕ್ಕಳು. ತೋಳಿಗೆ ಏನೂ ಆಗದಿದ್ದರೂ, ಶಸ್ತ್ರಚಿಕಿತ್ಸೆಯಿಂದ ವೇಗ ಹೆಚ್ಚುತ್ತದೆಂದು ನಂಬಿ ಕೇಳಿಕೊಂಡು ಬರುವ ತಂದೆತಾಯಂದಿರ ಬಗ್ಗೆ ವೈದ್ಯರೇ ಹೇಳಿದ್ದಾರೆ. ನಮ್ಮಲ್ಲಿಯೂ, ಬೆಂಗಳೂರಿನ ಒಂದು ಕ್ರಿಕೆಟ್ ತರಬೇತಿ ಶಿಬಿರದಲ್ಲಿ, ಬೆನ್ನಿಗೆ ಬೆಲ್ಟ್ ಬಿಗಿದುಕೊಂಡಿದ್ದ ಹುಡುಗನ ಬಗ್ಗೆ ಅವನ ತಂದೆ ತರಬೇತುದಾರರನ್ನು ಕೇಳಿದ ಮೊದಲ ಪ್ರಶ್ನೆ, ವೇಗ ಇಳಿದಿಲ್ಲ ತಾನೆ ಎಂದು. ಆ ಮಾತು ಕೇಳಿ ನನಗಾದ ಸಿಟ್ಟು ಇನ್ನೂ ಆರಿಲ್ಲ.

ಆದ್ದರಿಂದ ನಿಮ್ಮ ಮೊಮ್ಮಗನ ಛಲವನ್ನು ನಾನು ನಿಮ್ಮಂತೆ ಹೊಗಳಲಾರೆ. ನಿಮ್ಮ ಮೇಲಿನ ಗೌರವದಿಂದಲೇ ಇದನ್ನು ಹೇಳುತ್ತಿದ್ದೇನೆ. ನೋವನ್ನು ಬಚ್ಚಿಡುವುದು ಶೌರ್ಯವೆಂದು ಅವನಿಗೆ ಕಲಿಸಿದವರು ದೊಡ್ಡವರು, ಅದನ್ನು ಮರೆಸಬೇಕಾದವರೂ ದೊಡ್ಡವರೇ. ಮೇಜರ್ ಲೀಗ್ ಮತ್ತು ಯುಎಸ್‌ಎ ಬೇಸ್‌ಬಾಲ್ ಸೇರಿ 2014ರಲ್ಲಿ ಹೊರಡಿಸಿದ ಪಿಚ್ ಸ್ಮಾರ್ಟ್ ಮಾರ್ಗಸೂಚಿಯ ಪ್ರಕಾರ ಹನ್ನೊಂದು-ಹನ್ನೆರಡು ವರ್ಷದವರು ಒಂದು ದಿನಕ್ಕೆ 85ಕ್ಕಿಂತ ಹೆಚ್ಚು ಎಸೆತ ಎಸೆಯಬಾರದು, 66 ಮುಟ್ಟಿದರೆ ನಾಲ್ಕು ದಿನ ವಿಶ್ರಾಂತಿ ಬೇಕು, ವರ್ಷದಲ್ಲಿ ಕನಿಷ್ಠ ನಾಲ್ಕು ತಿಂಗಳು ಪಿಚಿಂಗ್ ಬಿಡಬೇಕು, ಒಂದೇ ಅವಧಿಯಲ್ಲಿ ಎರಡು ತಂಡಗಳಿಗೆ ಎಸೆಯುವುದನ್ನು ತಪ್ಪಿಸಬೇಕು. ಎರಡು ತಂಡಗಳಿದ್ದಾಗ ಒಬ್ಬ ತರಬೇತುದಾರನಿಗೆ ಇನ್ನೊಬ್ಬನ ಲೆಕ್ಕ ತಿಳಿದಿರುವುದಿಲ್ಲ. ನೀವು ಹೇಗೂ ಪ್ರತಿ ಪಂದ್ಯಕ್ಕೂ ಹೋಗುತ್ತೀರೆಂದು ಬರೆದಿದ್ದೀರಿ. ಒಂದು ನೋಟ್‌ಬುಕ್ ಇಟ್ಟುಕೊಂಡು ಎರಡೂ ಕಡೆಯ ಎಸೆತಗಳನ್ನು ಕೂಡಿಸಿ ಬರೆಯಿರಿ, ಇಬ್ಬರು ತರಬೇತುದಾರರಿಗೂ ತೋರಿಸಿ, ಮೊಣಕೈ ನೋವು ಹೆಚ್ಚುವವರೆಗೆ ಕಾಯದೆ ಈ ವಾರವೇ ವೈದ್ಯರ ಬಳಿ ಕರೆದೊಯ್ಯಿರಿ. ವೈದ್ಯರು ಏನೆಂದರೆಂದು ನಮಗೂ ಒಂದು ಸಾಲು ಬರೆಯಿರಿ.

— ಸಂ.